ಇಂದಿನ ಚಿಂತನೆ: ಮಗಳ ಥರ

 


ಸುಜಾತಾ ಎಂದರೆ ನಮಗೆ ನೆನಪಾಗುವವಳು ಸಿದ್ಧಾರ್ಥನಿಗೆ ಪಾಯಸ ಕೊಟ್ಟ ತಾಯಿ. ಅದೇ ಹೆಸರಿನ ಹಿಂದಿ ಸಿನಿಮಾ ಒಂದಿದೆ. ಬಾಬಾಸಾಹೇಬರು ನಾಗಪುರದಲ್ಲಿ ದೀಕ್ಷೆ ಪಡೆದ ಮೂರು ವರ್ಷಕ್ಕೆ, 1959ರಲ್ಲಿ, ಬಿಮಲ್ ರಾಯ್ ಮಾಡಿದ್ದು. ಅಸ್ಪೃಶ್ಯರ ಅನಾಥ ಮಗು ಮೇಲ್ಜಾತಿಯ ಎಂಜಿನಿಯರ್ ಮನೆಯಲ್ಲಿ ಬೆಳೆಯುತ್ತದೆ. ನೂತನ್ ಆ ಪಾತ್ರ ಮಾಡಿದ್ದಾರೆ. ಬಂದವರಿಗೆ ಪರಿಚಯಿಸುವಾಗ ಸಾಕುತಾಯಿ ಅವಳನ್ನು 'ಮಗಳು' ಎನ್ನುವುದಿಲ್ಲ, 'ಮಗಳ ಥರ' ಎನ್ನುತ್ತಾಳೆ. ಕೊನೆಗೆ ಆಕೆ ಮೆಟ್ಟಿಲಿನಿಂದ ಬಿದ್ದು ರಕ್ತ ಬೇಕಾದಾಗ, ಹೊಂದುವುದು ಸುಜಾತಾಳ ರಕ್ತ ಮಾತ್ರ. ಆಮೇಲಷ್ಟೇ ಅವಳು ಮಗಳಾಗುತ್ತಾಳೆ.

ಚಿಕ್ಕವಳಿದ್ದಾಗ ಟಿವಿಯಲ್ಲಿ ಇದನ್ನು ನೋಡಿ ಬಿಕ್ಕಿಬಿಕ್ಕಿ ಅತ್ತಿದ್ದೆ. ಅವ್ವನಿಗೆ ಹಿಂದಿ ಬಾರದು. ನಾನು ಹೇಳಿದ ಕಥೆ ಕೇಳಿಸಿಕೊಂಡು, "ಆ ರಕ್ತ ಹೊಂದದೆ ಹೋಗಿದ್ರೆ ಆ ಕೂಸು ಏನಾಗೋದವ್ವ?" ಎಂದಳು. ನನ್ನ ಹತ್ತಿರ ಉತ್ತರವಿರಲಿಲ್ಲ.

1936ರ 'ಅಛೂತ್ ಕನ್ಯಾ'ದಲ್ಲಿ ದೇವಿಕಾ ರಾಣಿಯ ಕಸ್ತೂರಿ ಇನ್ನೂ ಹೆಚ್ಚು ತೆರುತ್ತಾಳೆ. ರೈಲು ತಡೆಯಲು ಹೋಗಿ ಸಾಯುತ್ತಾಳೆ, ಸತ್ತ ಮೇಲೆ ಗುಡಿ ಕಟ್ಟುತ್ತಾರೆ. ಬಾಬಾಸಾಹೇಬರ 'ಜಾತಿ ವಿನಾಶ' ಪ್ರಕಟವಾದದ್ದೂ ಅದೇ ವರ್ಷ! ಸಿನಿಮಾದ ಹೆಣ್ಣು ತ್ಯಾಗ ಮಾಡಲೇಬೇಕು, ಅದು ಎಲ್ಲ ಜಾತಿಗೂ ಇತ್ತು ಬಿಡಿ. ಆದರೆ ಮೇಲ್ಜಾತಿಯ ನಾಯಕಿ ತ್ಯಾಗ ಮಾಡಿದರೆ ದೇವಿ. ನಮ್ಮವಳು ಬದುಕಿರುವಾಗಲೇ ಬರೀ ಮನುಷ್ಯಳು ಎನಿಸಿಕೊಳ್ಳಲೂ ರಕ್ತ ಕೊಡಬೇಕು.

'ಸುಜಾತಾ' ಚಿತ್ರದೊಳಗೇ ಟ್ಯಾಗೋರರ 'ಚಂಡಾಲಿಕಾ' ನೃತ್ಯನಾಟಕ ಬರುತ್ತದೆ. ಆ ಕಥೆ ನಮಗೆ ಗೊತ್ತು. ಬಾವಿಯ ಬಳಿ ಭಿಕ್ಖು ಆನಂದ ಪ್ರಕೃತಿಯನ್ನು ನೀರು ಕೇಳಿದರು. ಅವಳು ಜಾತಿ ಹೇಳಿ ಹಿಂಜರಿದಾಗ, ತಾನು ಕೇಳಿದ್ದು ಜಾತಿಯಲ್ಲ, ನೀರು ಎಂದರು. ಅವರಿಗೆ ಬಾಯಾರಿಕೆಯಾಗಿತ್ತು, ಅಷ್ಟೆ. ಅವಳ ಯೋಗ್ಯತೆ ಪರೀಕ್ಷೆ ಮಾಡಲಿಲ್ಲ. ನಿರ್ದೇಶಕರ ಮನಸ್ಸು ಒಳ್ಳೆಯದೇ ಇತ್ತು, ಈ ಕಥೆಯೂ ಕೈಯಲ್ಲಿತ್ತು. ಆದರೂ ರಕ್ತವಿಲ್ಲದೆ ಸಿನಿಮಾ ಮುಗಿಸಲು ಅವರಿಗಾಗಲಿಲ್ಲ.

2022ರಲ್ಲಿ ಬಂದ ಪಾ. ರಂಜಿತ್ ಅವರ ತಮಿಳು ಸಿನಿಮಾದ ರೆನೆ ತಾನು ಅಂಬೇಡ್ಕರ್‌ವಾದಿ ಎಂದು ನೇರವಾಗಿ ಹೇಳುತ್ತಾಳೆ. ಯಾರನ್ನೂ ಉಳಿಸಿ ತೋರಿಸುವ ಗೋಜಿಗೆ ಹೋಗುವುದಿಲ್ಲ. ಅವಳನ್ನು ನೋಡಿದಾಗ ನನಗೆ ಅಳು ಬರಲಿಲ್ಲ, ನಾಚಿಕೆಯಾಯಿತು. ಯಾಕೆಂದರೆ ಹಿಂದೆ ನಾನಿದ್ದ ಶಾಲೆಯಲ್ಲಿ ಸಹೋದ್ಯೋಗಿಯೊಬ್ಬರು, "ನೀವು ಬಿಡಿ ಮಿಸ್, ನಮ್ಮ ಥರಾನೇ" ಎನ್ನುತ್ತಿದ್ದರು. ನಾನು ನಗುತ್ತಿದ್ದೆ. ಎಲ್ಲರಿಗಿಂತ ಮೊದಲು ಬಂದು, ಎಲ್ಲರ ಪೇಪರ್ ತಿದ್ದಿಕೊಟ್ಟು ಆ ಮಾತನ್ನು ಉಳಿಸಿಕೊಳ್ಳುತ್ತಿದ್ದೆ.

ಒಂದು ದಿನ ಕೇಳಿಯೇಬಿಟ್ಟೆ: "ಥರ ಅಂದ್ರೆ ಹೇಗೆ ಮಿಸ್?"

ಅವರು ಟಿಫಿನ್ ಬಾಕ್ಸ್ ಮುಚ್ಚಿದರು. ಅಷ್ಟರಲ್ಲಿ ಬೆಲ್ ಆಯಿತು. ನನ್ನ ಪಾಲಿನ ಪೇಪರ್‌ಗಳನ್ನಷ್ಟೇ ತೆಗೆದುಕೊಂಡು ಎಂಟನೇ ಕ್ಲಾಸಿಗೆ ಹೋದೆ.

ಭವತು ಸಬ್ಬ ಮಂಗಲಂ.