ಯಾರೂ ನೋಡದ ದ್ವೀಪ



ಉದುರುವ ಒಂದೊಂದು ಎಲೆಯ ಅರಿವೂ ಅಲ್ಲಾಹನಿಗಿದೆಯೆಂದು ಅಲ್ ಅನ್‌ಆಮ್ ಅಧ್ಯಾಯದಲ್ಲಿ ಓದುತ್ತೇವೆ, ಓದಿ ಮುಂದಕ್ಕೆ ಹೋಗುತ್ತೇವೆ. ಇಂದು ಸ್ವಲ್ಪ ನಿಲ್ಲಿರಿ. ಉದುರಲು ಎಲೆಯೇ ಇಲ್ಲದ ಒಂದು ನೆಲದ ಕುರಿತು ಯೋಚಿಸೋಣ.

ದಕ್ಷಿಣ ಅಟ್ಲಾಂಟಿಕ್ ಸಾಗರದಲ್ಲಿ, ಧ್ರುವದ ಕಡೆಗೆ, ಬೂವೆ ಎಂಬ ದ್ವೀಪವಿದೆ. ವಿಸ್ತೀರ್ಣ ಸುಮಾರು 49 ಚದರ ಕಿ.ಮೀ. ಅದರಲ್ಲಿ ಹತ್ತಕ್ಕೆ ಒಂಬತ್ತು ಪಾಲಿಗೂ ಹೆಚ್ಚು ಭಾಗ ಹಿಮನದಿ. ತೀರಾ ಹತ್ತಿರದ ನೆಲವೆಂದರೆ ಅಂಟಾರ್ಕ್ಟಿಕಾ. ಅದೂ ಸುಮಾರು 1,700 ಕಿ.ಮೀ. ದೂರ. ಮರವಿಲ್ಲ, ಹುಲ್ಲೂ ಇಲ್ಲ. ಬಂಡೆಗಂಟಿದ ಪಾಚಿ, ಕಲ್ಲುಹೂವು, ಅಷ್ಟೇ. 1739ರ ಜನವರಿ 1ರಂದು ಬೂವೆ ಎಂಬ ಫ್ರೆಂಚ್ ನಾವಿಕ ಇದನ್ನು ಕಂಡನು. ಆದರೆ ಜಾಗವನ್ನು ತಪ್ಪಾಗಿ ಗುರುತಿಸಿದನು. ಆಮೇಲೆ ಕ್ಯಾಪ್ಟನ್ ಕುಕ್ ಹುಡುಕಿದರೂ ಸಿಗಲಿಲ್ಲ. ಮತ್ತೆ ಮನುಷ್ಯರ ಕಣ್ಣಿಗೆ ಬಿದ್ದದ್ದು 1808ರಲ್ಲಿ!

ಇನ್ನೊಂದು ಸಂಗತಿ ಕೇಳಿರಿ. 1955 ಮತ್ತು 1958ರ ನಡುವೆ ಎಂದೋ ಒಂದು ದಿನ ಅಲ್ಲಿನ ಪರ್ವತದ ಒಂದು ಭಾಗ ಕುಸಿದು ಸಮುದ್ರಕ್ಕೆ ಬಿತ್ತು. ಯಾವ ದಿನ? ಹೇಳಲು ಅಲ್ಲಿ ಯಾರಿದ್ದರು? ಬರೀ ಕಡಿದಾದ ಬಂಡೆಗಳಿದ್ದ ಆ ತೀರದಲ್ಲಿ ಹೀಗೆ ಒಂದು ಸಮತಟ್ಟು ಜಾಗ ಉಂಟಾಯಿತು. ಸೀಲ್‌ಗಳೂ ಪೆಂಗ್ವಿನ್‌ಗಳೂ ಅಲ್ಲಿಗೆ ಬಂದು ಮರಿ ಮಾಡತೊಡಗಿದವು.

ಹಳದಿ ಜುಟ್ಟಿನ ಮೆಕರೋನಿ ಪೆಂಗ್ವಿನ್ ಅಲ್ಲಿಯದೇ. ಮರಿ ಮೊಟ್ಟೆಯೊಡೆದು ಬಂದ ಮೇಲೆ ತಂದೆಯು ಮೂರು ವಾರಗಳಷ್ಟು ಕಾಲ ಏನನ್ನೂ ತಿನ್ನದೆ ಅದನ್ನು ಕಾಯುತ್ತದೆ. ತಾಯಿ ಕಡಲಿಗಿಳಿದು ಆಹಾರ ತರುತ್ತದೆ. ತುಪ್ಪಳದ ಸೀಲ್‌ನ ತಾಯಿ ಹಲವು ದಿನ ಸಮುದ್ರದಲ್ಲಿದ್ದು ಮರಳಿದಾಗ ಅಷ್ಟೊಂದು ಮರಿಗಳ ಗದ್ದಲದಲ್ಲಿ ತನ್ನದರ ಕೂಗನ್ನು ಗುರುತಿಸುತ್ತದೆ. ಮೆಚ್ಚುವವರು ಯಾರೂ ಇಲ್ಲ. ಆದರೂ ಒಂದು ದಿನವೂ ತಪ್ಪದು.

ಯಾರೂ ನೋಡದ ಇಂತಹ ಕಡಲುಗಳಿಗೆ ಮನುಷ್ಯನೂ ಹೋದನು. ಹೋಗಿ ಮಾಡಿದ್ದೇನು? 19ನೇ ಶತಮಾನದಲ್ಲಿ ದಕ್ಷಿಣ ಸಮುದ್ರದ ದ್ವೀಪಗಳಲ್ಲಿ ಚರ್ಮಕ್ಕಾಗಿ ಸೀಲ್‌ಗಳನ್ನು ಬಡಿದು ಕೊಂದು, ಆ ಜಾತಿಯನ್ನೇ ಅಳಿವಿನಂಚಿಗೆ ತಂದನು. ಆ ಬೇಟೆಗಾರರು ತಮ್ಮ ತಮ್ಮ ಊರಿನಲ್ಲಿ ಮರ್ಯಾದಸ್ಥರೇ ಆಗಿದ್ದಿರಬಹುದು. ಅಲ್ಲಿ ನೆರೆಹೊರೆಯವರ ಕಣ್ಣುಗಳಿದ್ದವು ತಾನೇ?

ಅವರನ್ನು ದೂರುವುದು ಸುಲಭ. ನಾವು ಮಸೀದಿಗೆ ಕೊಟ್ಟ ಫ್ಯಾನಿನ ರೆಕ್ಕೆಯ ಮೇಲೂ ಹೆಸರು ಬರೆಸುತ್ತೇವೆ. ಜಮಾಅತಿನಲ್ಲಿ ದೀರ್ಘವಾಗುವ ಸುಜೂದ್, ಕೋಣೆಯಲ್ಲಿ ಒಬ್ಬರೇ ಇರುವಾಗ ಎಷ್ಟು ಚಿಕ್ಕದಾಗುತ್ತದೆ! ಗಿರಾಕಿ ಆಚೆ ತಿರುಗಿದಾಗ ತಕ್ಕಡಿ ಹಿಡಿದ ಕೈ ಏನು ಮಾಡುತ್ತದೆ? ಹೊರಗೆ ನಗುಮುಖದವನೆಂದು ಹೆಸರಾದವನು ಬಾಗಿಲು ಮುಚ್ಚಿದ ಮೇಲೆ ಹೆಂಡತಿ ಮಕ್ಕಳೊಡನೆ ಹೇಗಿರುತ್ತಾನೆ? ಪ್ರವಾದಿ ಮುಹಮ್ಮದ್(ಸ)ರು ರಿಯಾ ಎಂಬ ಈ ತೋರಿಕೆಯನ್ನು ಕಿರಿಯ ಶಿರ್ಕ್ ಎಂದು ಕರೆದು ಎಚ್ಚರಿಸಿರುವರು. ಇದನ್ನು ಬರೆಯುತ್ತಿರುವವನಿಗೂ ಆ ಭಯ ಇಲ್ಲದಿಲ್ಲ; ಬರಹದ ಮೇಲೂ ಹೆಸರಿರುತ್ತದಲ್ಲ!

1971ರಲ್ಲಿ ನಾರ್ವೆ ದೇಶವು ಬೂವೆಯನ್ನು ಸಂರಕ್ಷಿತ ಪ್ರದೇಶವೆಂದು ಘೋಷಿಸಿತು. ಒಬ್ಬ ಕಾವಲುಗಾರನೂ ಅಲ್ಲಿ ನೆಲೆಸಿಲ್ಲ.