ವಿಧಿವಾಕ್ಯವೂ ಬಾಲೆಯ ಕಣ್ಣೂ

ಧರ್ಮವು ವೇದದ ವಿಧಿವಾಕ್ಯದಿಂದಲೇ ತಿಳಿಯತಕ್ಕದ್ದು, ಪ್ರತ್ಯಕ್ಷಕ್ಕೆ, ಎಂದರೆ ಇಂದ್ರಿಯಗಳ ಅರಿವಿಗೆ, ಅದು ಗೋಚರವಾಗದು ಎಂಬುದು ಮೀಮಾಂಸಕರ ಸಿದ್ಧಾಂತ. ಕಾರವಾರದ ಕಡಲತಡಿಯ ಗಾಳಿಮರಗಳ ಕೆಳಗೆ ಕುಳಿತಾಗಲೆಲ್ಲ ಈ ಸಿದ್ಧಾಂತದೊಡನೆ ವಾದಕ್ಕಿಳಿಯಬೇಕೆಂದು ನನಗೆ ತೋರುತ್ತದೆ. 1883ರಲ್ಲಿ, ಇಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದ ಅಣ್ಣ ಸತ್ಯೇಂದ್ರನಾಥರ ಮನೆಗೆ ಬಂದಿದ್ದ ತರುಣ ರವೀಂದ್ರನಾಥ ಠಾಕೂರರು ಬರೆದ ‘ಪ್ರಕೃತಿರ್ ಪ್ರತಿಶೋಧ್’ ನಾಟಕದಲ್ಲಿ, ಲೋಕವನ್ನು ಗೆದ್ದೆನೆಂದು ಗುಹೆಯಿಂದ ಹೊರಬಂದ ಸಂನ್ಯಾಸಿಯನ್ನು ಊರವರು ಮುಟ್ಟಲೊಲ್ಲದ ಅನಾಥ ಬಾಲೆಯೊಬ್ಬಳು ಅಪ್ಪಾ ಎಂದು ನೆಚ್ಚಿಕೊಳ್ಳುತ್ತಾಳೆ. ಮಮತೆಗೆ ಹೆದರಿ ಓಡಿದ ಆತ ಮನಸ್ಸು ಕರಗಿ ಮರಳುವಷ್ಟರಲ್ಲಿ ಅವಳು ಇಲ್ಲವಾಗಿರುತ್ತಾಳೆ.

ಆ ಬಾಲೆ ಸತ್ತಳೆಂದು ನಾನು ನಂಬಲಾರೆ. ಕೆಲವೇ ವರ್ಷಗಳಲ್ಲಿ, ರೈಲು ಪ್ರಯಾಣದ ಒಂದು ರಾತ್ರಿ, ಅವಳು ಕವಿಯ ಕನಸಿಗೇ ಬಂದಳು: ಗುಡಿಯ ಮೆಟ್ಟಿಲಮೇಲೆ ಬಲಿಯ ರಕ್ತ, ಇದೇನೆಂದು ಕಳವಳದಿಂದ ತಂದೆಯನ್ನು ಕೇಳುವ ಮಗಳು, ಒಳಗೆ ನೊಂದರೂ ಹೊರಗೆ ಗದರಿಸಿ ಅವಳ ಬಾಯಿ ಮುಚ್ಚಿಸಲೆಳಸುವ ತಂದೆ. ಕನಸು ‘ರಾಜರ್ಷಿ’ ಕಾದಂಬರಿಯಾಯಿತು. ಕಾದಂಬರಿಯಿಂದ 1890ರಲ್ಲಿ ‘ವಿಸರ್ಜನ’ ನಾಟಕವು ಹುಟ್ಟಿತು. 1927ರಲ್ಲಿ ನವಲ್ ಗಾಂಧಿಯವರು ಆ ನಾಟಕವನ್ನು ‘ಬಲಿದಾನ’ವೆಂಬ ಮೂಕಚಿತ್ರವಾಗಿಸಿದರು. ಅದಕ್ಕೆ ಚಿತ್ರಕಥೆಯನ್ನು ಹೆಣೆದವರು ಜಮ್‌ಶೇದ್ ರತ್ನಾಗರ್. ಅದರ ನಟಿಯರಾದ ಸುಲೋಚನಾ, ಜುಬೇದಾರ ಹೆಸರು ಇಂದಿಗೂ ಹಲವರ ನಾಲಗೆಯ ಮೇಲಿದೆ. ರತ್ನಾಗರರದು ಯಾರ ನಾಲಗೆಯ ಮೇಲೂ ಇಲ್ಲ.

ಆದರೆ ಅವರ ಕೈಗೆ ಬಂದಿದ್ದ ಕೆಲಸ ಎಂಥದು! ‘ವಿಸರ್ಜನ’ದಲ್ಲಿ ಅರ್ಚಕ ರಘುಪತಿಯ ಬಲವೆಲ್ಲ ಮಾತಿನಲ್ಲಿದೆ. ದೇವಿಗೆ ರಕ್ತ ಬೇಕೆಂದು ಆತ ಶಾಸ್ತ್ರ, ಪರಂಪರೆ, ಶಾಪಗಳನ್ನು ಒಂದರಮೇಲೊಂದು ಪೇರಿಸುತ್ತಾನೆ. ತಾನು ಸಾಕಿದ ಆಡಿನ ಮರಿಯನ್ನು ಬಲಿಗೆ ಕಳೆದುಕೊಂಡ ಅಪರ್ಣೆಗಾದರೋ ಕಣ್ಣೀರಲ್ಲದೆ ಬೇರೆ ವಾದವೇ ಇಲ್ಲ. ಮೂಕಚಿತ್ರದ ಕಥೆಗಾರನಿಗೆ ನಟರ ನೋಟ, ನಡೆ, ಕೈಸನ್ನೆಗಳೂ ದೃಶ್ಯಗಳ ನಡುನಡುವೆ ಬರುವ ನಾಲ್ಕಾರು ಬರಹದ ಸಾಲುಗಳೂ ಅಲ್ಲದೆ ಬೇರೆ ಸಾಧನವಿಲ್ಲದ್ದರಿಂದ, ರಘುಪತಿಯ ವಾಗ್ಝರಿಯು ಅಲ್ಲಿ ತಾನೇ ತಾನಾಗಿ ಬತ್ತಿಹೋಗತಕ್ಕದ್ದು. ಅಪರ್ಣೆಯ ಕಣ್ಣೀರಾದರೋ ಇಮ್ಮಡಿಯಾಗಿ ಕಾಣತಕ್ಕದ್ದು. ಶಾಸ್ತ್ರದ ಮಾತೇ ಆಧಾರವೆನ್ನುವ ಶಬ್ದಪ್ರಮಾಣವು ಸರಿದು ಪ್ರತ್ಯಕ್ಷವೊಂದೇ ನಿಲ್ಲುವ ಇಂಥ ನ್ಯಾಯಸಭೆಯನ್ನು ಮೀಮಾಂಸಕರು ಒಪ್ಪುವವರಲ್ಲ. ಮಹಾಕವಿಯೊಬ್ಬನ ಮಾತುಗಳನ್ನು ಕಳೆದು ಆತನ ಕನಸನ್ನು ಕನಸಿನ ರೂಪಕ್ಕೇ ಮರಳಿ ಒಯ್ಯುವ ಈ ಕಾರ್ಯವು ಸಾಮಾನ್ಯವಾದುದಲ್ಲ.

ಕಣ್ಣು ರಕ್ತದ ಕೆಂಪನ್ನು ತೋರಿಸೀತು, ‘ಕೂಡದು’ ಎಂಬುದನ್ನು ತೋರಿಸದು ಎಂದು ಮೀಮಾಂಸಕನು ಆಕ್ಷೇಪಿಸಿಯಾನು. ಆಕ್ಷೇಪವು ಗಟ್ಟಿಯಾದುದು, ನಾನದನ್ನು ಹಗುರವಾಗಿ ಎಣಿಸುವವನಲ್ಲ. ಆದರೂ ಅಂಕೋಲೆಯ ಬಳಿಯ ಹಳ್ಳಿಯೊಂದರಲ್ಲಿ, ಚಿಕ್ಕಂದಿನಲ್ಲಿ, ಹರಕೆಯ ಕೋಳಿ ಕೊಯ್ದ ಕಲ್ಲಿನ ಮುಂದೆ ನನ್ನ ತಂಗಿ ನಿಂತಿದ್ದುದು ನನಗೆ ನೆನಪಿದೆ. ಒದ್ದೆಯಾದ ಒಂದು ಕಂದು ಗರಿ ಕಲ್ಲಿಗೆ ಅಂಟಿಕೊಂಡಿತ್ತು. ಅವಳಿಗಿನ್ನೂ ಅಕ್ಷರ ಬರುತ್ತಿರಲಿಲ್ಲ, ವಿಧಿನಿಷೇಧಗಳ ಹೆಸರನ್ನೂ ಅವಳು ಕೇಳಿರಲಿಲ್ಲ. ತಂದೆಯವರ ಪಂಚೆಯ ಅಂಚನ್ನು ಹಿಡಿದುಕೊಂಡು, ಗರಿಯತ್ತ ಬೆರಳು ಮಾಡಿ, ಅವರ ಮುಖವನ್ನು ನೋಡಿದಳು. ತಂದೆಯವರು ಏನೂ ಹೇಳಲಿಲ್ಲ. ತಂಬಿಗೆಯಲ್ಲಿ ನೀರು ತಂದು ಕಲ್ಲಿನ ಮೇಲೆ ಹೊಯ್ದರು, ಮತ್ತೊಮ್ಮೆ ತಂದು ಹೊಯ್ದರು.