ಅಪರಿಚಿತ ಫೈಲಿನ ಮೇಲೆ ಬಂದ ಅಪವಾದ

2001ರಲ್ಲಿ ಒಂದು ಇಮೇಲ್ ದೇಶದಿಂದ ದೇಶಕ್ಕೆ ಹಬ್ಬಿತು. ಕಂಪ್ಯೂಟರಿನಲ್ಲಿ ‘ಸಲ್ಫ್‌ಎನ್‌ಬಿಕೆ.ಇಎಕ್ಸ್‌ಇ’ ಎಂಬ ವೈರಸ್ ಅಡಗಿದೆ, ಆಂಟಿವೈರಸ್‌ಗೂ ಅದು ಸಿಗದು, ಕೂಡಲೇ ಹುಡುಕಿ ಅಳಿಸಿ, ಪರಿಚಯದವರಿಗೆಲ್ಲ ತಿಳಿಸಿ ಎಂಬುದು ಅದರ ಸಾರ. ಜನ ಹುಡುಕಿದರು. ಫೈಲ್ ಸಿಕ್ಕಿಯೇ ಬಿಟ್ಟಿತು! ಇನ್ನೇನು ಸಾಕ್ಷಿ ಬೇಕು? ಅಳಿಸಿದರು, ಗೆಳೆಯರನ್ನೂ ಎಚ್ಚರಿಸಿದರು.

ಆ ಫೈಲ್ ವಿಂಡೋಸ್ 98ರ ಜೊತೆಗೇ ಬಂದದ್ದು. ಉದ್ದನೆಯ ಫೈಲ್ ಹೆಸರುಗಳನ್ನು ಬ್ಯಾಕಪ್ ಮಾಡಿಟ್ಟು, ಕೆಟ್ಟಾಗ ಮರಳಿಸುವ ಪುಟ್ಟ ಉಪಕರಣ. ಕಾವಲಿಗಿದ್ದವನನ್ನೇ ಕಳ್ಳನೆಂದು ಹೊರಗಟ್ಟಿದಂತಾಯಿತು.

ಜನರ ಕಣ್ಣು ಸರಿಯಾಗಿಯೇ ಕಂಡಿತ್ತು, ಎಡವಿದ್ದು ತರ್ಕ. ನಮ್ಮ ನೈಯಾಯಿಕರು, ಅಂದರೆ ನ್ಯಾಯದರ್ಶನದ ತಾರ್ಕಿಕರು, ಈ ದೋಷವನ್ನು ಸವ್ಯಭಿಚಾರ ಎಂದು ಗುರುತಿಸಿದ್ದಾರೆ. ಬೆಟ್ಟದಲ್ಲಿ ಹೊಗೆಯಿದೆ, ಆದ್ದರಿಂದ ಬೆಂಕಿಯಿದೆ ಎಂದರೆ ಮಾತು ನಿಲ್ಲುತ್ತದೆ. ಬೆಟ್ಟ ನಮ್ಮ ಅರಿವಿಗೆ ಬರುತ್ತದೆ, ಆದ್ದರಿಂದ ಬೆಂಕಿಯಿದೆ ಎಂದರೆ ನಿಲ್ಲದು. ಬೆಂಕಿಯ ಸುಳಿವೇ ಇಲ್ಲದ ಕೆರೆಯೂ ಅರಿವಿಗೆ ಬರುತ್ತದಲ್ಲ! ಅನ್ನಂಭಟ್ಟನ ತರ್ಕಸಂಗ್ರಹ ಓದಿದವರಿಗೆ ಇದು ಪರಿಚಿತ ಪಾಠ. ಫೈಲ್ ಇದೆ ಎಂಬ ಹೇತು, ಅಂದರೆ ವಾದಕ್ಕೆ ಕೊಟ್ಟ ಕಾರಣ, ಅಂಥದ್ದೇ. ವೈರಸ್ ಸೋಂಕದ ವಿಂಡೋಸ್ 98 ಯಂತ್ರದಲ್ಲೂ ಅದು ಇದ್ದೇ ಇತ್ತು.

ಇನ್ನು ಶಬ್ದಪ್ರಮಾಣ. ಆಪ್ತನ, ಅಂದರೆ ನಂಬಲರ್ಹನ, ಮಾತನ್ನು ನ್ಯಾಯಸೂತ್ರ ಪ್ರಮಾಣವೆಂದು ಒಪ್ಪುತ್ತದೆ. ಇಮೇಲ್ ಕಳಿಸಿದ ಗೆಳೆಯ ಒಳ್ಳೆಯವನೇ, ಹಿತ ಬಯಸಿದವನೇ. ಅಷ್ಟು ಸಾಲದು, ಹೇಳುವವನು ವಿಷಯವನ್ನು ಸಾಕ್ಷಾತ್ತಾಗಿ ಅರಿತಿರಬೇಕು ಎಂದು ವಾತ್ಸ್ಯಾಯನ ಆ ಸೂತ್ರಗಳ ಮೇಲಿನ ತನ್ನ ಭಾಷ್ಯದಲ್ಲಿ ಕಟ್ಟುನಿಟ್ಟಾಗಿ ಹೇಳುತ್ತಾನೆ. ಕೇಳಿದ್ದನ್ನು ಹಾಗೇ ದಾಟಿಸಿದವನಿಗೆ ಆ ಅರ್ಹತೆ ಇರಲಿಲ್ಲ.

ಅಸಲಿ ಉಪಕರಣವೆಂದ ಮಾತ್ರಕ್ಕೆ ಅಪಾಯವಿಲ್ಲ ಎನ್ನುವುದೂ ಅಷ್ಟೇ ದುರ್ಬಲ ವಾದ. ಫೈಲುಗಳನ್ನು ಒತ್ತೆಯಿಟ್ಟು ಹಣ ಕೇಳಿದ 2017ರ ವಾನಾಕ್ರೈ ದಾಳಿ, ಬ್ಯಾಕಪ್‌ಗೆಂದು ಇದ್ದ ಶ್ಯಾಡೋ ಕಾಪಿಗಳನ್ನು ಅಳಿಸಲು ಬಳಸಿಕೊಂಡದ್ದು ವಿಂಡೋಸ್‌ನದೇ ಆದ ‘ವಿಎಸ್ಎಸ್ಅಡ್ಮಿನ್’ ಉಪಕರಣವನ್ನು.

ಹಾಗಾದರೆ ತಿಳಿಯದ ಫೈಲಿನ ಮುಂದೆ ಮನುಷ್ಯ ಏನು ಮಾಡಬೇಕು? ನ್ಯಾಯದರ್ಶನ ಎಣಿಸುವ 16 ಪದಾರ್ಥಗಳಲ್ಲಿ, ಅಂದರೆ ಅರಿಯಬೇಕಾದ ವಿಷಯಗಳಲ್ಲಿ, ಸಂಶಯ ಮೂರನೆಯದು, ಪ್ರಯೋಜನ ನಾಲ್ಕನೆಯದು. ಸಂಶಯವನ್ನು ಅಲ್ಲಿ ದೌರ್ಬಲ್ಯವೆಂದು ತಳ್ಳಿಲ್ಲ. ವಿಚಾರ ಹುಟ್ಟುವುದೇ ಅದರಿಂದ. ಭಯಕ್ಕಾಗಲಿ ಭರವಸೆಗಾಗಲಿ ಅವಸರವಾಗಿ ಜಿಗಿಯದೆ, ಸಂಶಯದಲ್ಲೇ ತುಸು ಹೊತ್ತು ನಿಲ್ಲುವುದು ಪ್ರಾಮಾಣಿಕತೆ. ‘ವಿಂಡೋಸ್.ಓಲ್ಡ್’ ಎಂಬ ಭಾರಿ ಫೋಲ್ಡರ್ ಕಂಡು ಕೈ ಡಿಲೀಟ್ ಕಡೆ ಸರಿದರೆ, ಇದನ್ನು ಇಟ್ಟವರು ಯಾರು, ಯಾವ ಪ್ರಯೋಜನಕ್ಕೆ ಎಂದು ಮೊದಲು ವಿಚಾರಿಸಿ. ಅಪ್‌ಗ್ರೇಡ್ ಕೈಕೊಟ್ಟರೆ ಹಳೆಯ ವಿಂಡೋಸ್‌ಗೆ ಮರಳಲು ಇಟ್ಟ ದಾರಿ ಅದು. ವಿಂಡೋಸ್ 10ರಲ್ಲಿ ಸಾಮಾನ್ಯವಾಗಿ 10 ದಿನ ಕಳೆದ ಮೇಲೆ ತಾನಾಗಿಯೇ ಅಳಿಸಿಹೋಗುತ್ತದೆ.